ಬಿಳಿ ದಾರದ ಗುಂಡಿ

ಇಪ್ಪತ್ತಾರು ವರ್ಷಗಳಿಂದ ದಿನವೂ ತಾನೇ ತೆರೆಯುತ್ತ ಬಂದ ಅಂಗಡಿಯ ಬಾಗಿಲನ್ನು ಹೇಗೆ ತೆರೆಯಬೇಕು ಎಂದು ಗುಂಡಿಯಕ್ಕನಿಗೆ ಇಪ್ಪತ್ತಾರು ವರ್ಷದ ಹುಡುಗಿಯೊಬ್ಬಳು ಹೇಳಿಕೊಟ್ಟಳು. "ಅಕ್ಕಾ, ಸಹಜವಾಗಿ ತೆಗೀರಿ. ನಾವ್ಯಾರೂ ಇಲ್ಲಿ ಇಲ್ಲವೇ ಇಲ್ಲ ಅಂದ್ಕೊಳ್ಳಿ," ಎಂದಳು. ಇಲ್ಲವೇ ಇಲ್ಲ ಎಂದುಕೊಳ್ಳಬೇಕಾದವರು ಒಟ್ಟು ಐದು ಜನ. ಒಬ್ಬನ ಹೆಗಲ ಮೇಲೆ ಕ್ಯಾಮೆರಾ, ಇನ್ನೊಬ್ಬನ ಕಿವಿಗೆ ದಪ್ಪನೆಯ ಹೆಡ್‌ಫೋನು, ಉಳಿದವರ ಕೈಯಲ್ಲಿ ದೀಪ, ತಂತಿ, ಛತ್ರಿ. ಗುಂಡಿಯಕ್ಕ ಬೀಗ ತೆಗೆದು, ಎಂದಿನಂತೆ ಮೊಣಕಾಲಿನಿಂದ ಬಾಗಿಲಿಗೊಂದು ಏಟು ಕೊಟ್ಟು ಒಳಗೆ ಹೋದಳು.

"ಸೂಪರ್! ಆದ್ರೆ ಮೊಣಕಾಲು ಬೇಡ ಅಕ್ಕಾ. ಇನ್ನೊಂದ್ಸಲ."

ಎರಡನೆಯ ಸಲ ಬಾಗಿಲು ಜಪ್ಪಯ್ಯ ಎಂದರೂ ತೆರೆಯಲಿಲ್ಲ. ಮೊಣಕಾಲಿನ ಏಟು ಬೀಳದೆ ಅದು ಎಂದೂ ತೆರೆದದ್ದಿಲ್ಲ. ಮೂರನೆಯ ಸಲ ಮೊಣಕಾಲಿಗೆ ಒಪ್ಪಿಗೆ ಸಿಕ್ಕಿತು, ಆದರೆ ಅಷ್ಟರಲ್ಲಿ ಲಾರಿಯೊಂದು ಹಾರ್ನ್ ಹೊಡೆಯಿತು. ಐದನೆಯ ಸಲದ ಹೊತ್ತಿಗೆ, ತಾನು ದಿನಾ ಬೀಗ ತೆಗೆಯುವುದು ಬಲಗೈಯಲ್ಲೋ ಎಡಗೈಯಲ್ಲೋ ಎಂಬುದೇ ಅವಳಿಗೆ ಮರೆತುಹೋಗಿತ್ತು.

"ನಾನು ನಾನಾಗಿರೋದು ಇಷ್ಟು ಕಷ್ಟ ಅಂತ ಗೊತ್ತಿರಲಿಲ್ಲ ಕಣೇ," ಎಂದು ನಾದಿನಿಯ ಹತ್ತಿರ ಗೊಣಗಿದಳು.

"ನಮಗೆ ಮೊದಲಿಂದ್ಲೂ ಗೊತ್ತಿತ್ತು ಅತ್ತಿಗೆ. ಅವರಿಗೆ ಇವತ್ತು ಗೊತ್ತಾಯ್ತು," ಎಂದಳು ನಾದಿನಿ, ಸೂಜಿಗೆ ದಾರ ಪೋಣಿಸುತ್ತ.

ಗುಂಡಿಯಕ್ಕ ಅವಳ ನಿಜವಾದ ಹೆಸರಲ್ಲ ಎಂದು ಹೇಳಬೇಕಾಗಿಲ್ಲ. ಆದರೆ ಆ ಬೀದಿಯಲ್ಲಿ ನಿಜವಾದ ಹೆಸರು ಹೇಳಿ ಅವಳ ಅಂಗಡಿ ಕೇಳಿದರೆ ಯಾರೂ ದಾರಿ ತೋರಿಸುವುದಿಲ್ಲ. ಔಷಧದಂಗಡಿಗೂ ಸೈಕಲ್ ರಿಪೇರಿಯವನಿಗೂ ನಡುವೆ ಸಿಕ್ಕಿಕೊಂಡ ಹೊಲಿಗೆ ಅಂಗಡಿ ಅದು. ಎರಡು ಮಷಿನು, ಕತ್ತರಿಸುವ ಒಂದು ಉದ್ದ ಮೇಜು, ಮೂಲೆಯಲ್ಲಿ ಪರದೆ ಎಳೆದರೆ ಒಬ್ಬರು ನಿಲ್ಲುವಷ್ಟು ಜಾಗ. ಎಡಗೋಡೆಯ ತುಂಬ ಮೊಳೆಗಳು. ಒಂದೊಂದು ಮೊಳೆಗೂ ಕಂದು ಕಾಗದದ ಒಂದು ಕಟ್ಟು, ಕಟ್ಟಿನ ತುದಿಗೆ ಒಂದು ಗುಂಡಿ. ಗಿರಾಕಿಯ ಅಂಗಿಯದ್ದೋ ಕೋಟಿನದ್ದೋ ಅಳತೆಯ ಕಾಗದ ಅದು. ಅದರ ಮೇಲೆ ಹೆಸರೂ ಇಲ್ಲ, ಅಂಕಿಯೂ ಇಲ್ಲ. ಯಾವ ಗುಂಡಿ ಯಾರದ್ದು ಎಂಬುದು ಅತ್ತಿಗೆಗೆ ಮತ್ತು ನಾದಿನಿಗೆ ಮಾತ್ರ ಗೊತ್ತು.

ಈ ಪದ್ಧತಿ ಹುಟ್ಟಿದ್ದಕ್ಕೊಂದು ಕಾರಣವಿತ್ತು. ಗುಂಡಿಯಕ್ಕ ಕೆಲಸ ಕಲಿತದ್ದು ಒಬ್ಬ ಮಾಸ್ತರರ ಬಳಿ. ಅವರ ಕೈ ಬಂಗಾರ, ಬಾಯಿ ಮಾತ್ರ ತಮಟೆ. ಗಿರಾಕಿಯನ್ನು ಅಂಗಡಿಯ ನಡುಮಧ್ಯೆ ನಿಲ್ಲಿಸಿ ಟೇಪು ಸುತ್ತಿ, "ಸೊಂಟ ನಲವತ್ತೆರಡೂ! ಬರ್ಕೋ!" ಎಂದು ಕೂಗುತ್ತಿದ್ದರು. ಬೆಂಚಿನ ಮೇಲೆ ಕುಳಿತವರೆಲ್ಲ ಕತ್ತೆತ್ತಿ ಆ ಸೊಂಟವನ್ನೊಮ್ಮೆ ನೋಡುತ್ತಿದ್ದರು. ಒಂದು ದಿನ ಹಾಗೆ ಕೂಗಿಸಿಕೊಂಡ ಹೆಂಗಸೊಬ್ಬಳು ತಲೆ ತಗ್ಗಿಸಿ ಹೊರಟವಳು ಬಟ್ಟೆ ಒಯ್ಯುವುದಕ್ಕೂ ಮತ್ತೆ ಬರಲಿಲ್ಲ. ಆ ಬಟ್ಟೆಯನ್ನು ಮಡಿಸಿ ಎತ್ತಿಟ್ಟವಳು ಹತ್ತೊಂಬತ್ತು ವರ್ಷದ ಗುಂಡಿಯಕ್ಕ. ನನ್ನದೇ ಅಂಗಡಿ ಅಂತ ಒಂದಾದರೆ ಅಲ್ಲಿ ಯಾರ ಅಳತೆಯೂ ಯಾರ ಬಾಯಿಂದಲೂ ಹೊರಡಬಾರದು ಎಂದು ಅವಳು ಆಗಲೇ ನಿಶ್ಚಯ ಮಾಡಿಕೊಂಡಿದ್ದಳು.

ಹಾಗಾಗಿ ಅವಳ ಅಂಗಡಿಯಲ್ಲಿ ಮಾತಿಗೆ ಬರವಿಲ್ಲ, ಅಳತೆಯ ಮಾತು ಮಾತ್ರ ಇಲ್ಲ. ಪರದೆಯ ಹಿಂದೆ ಟೇಪು ಹಿಡಿದು, ಕಾಗದದ ಮೇಲೆ ಗುರುತು ಹಾಕಿ, ಬಟ್ಟೆಯ ಜೊತೆ ಆ ಕಾಗದದ ಕಟ್ಟನ್ನು ನಾದಿನಿಯ ಕೈಗೆ ಕೊಟ್ಟರೆ ಮುಗಿಯಿತು. ವಿಶೇಷ ಏನಾದರೂ ಇದ್ದರೆ ಅದನ್ನು ಗುಂಡಿಗೆ ಕಟ್ಟಿದ ದಾರ ಹೇಳುತ್ತದೆ. ಕೆಂಪು ದಾರ ಇದ್ದರೆ ಒಂದು ಭುಜ ಇಳಿಜಾರು. ಹಳದಿ ಇದ್ದರೆ ಬೆಳೆಯುವ ಮೈ, ಒಳಗೆ ಬಟ್ಟೆ ಬಿಡಬೇಕು. ಬಿಳಿ ದಾರ ಇದ್ದದ್ದು ಆ ಇಡೀ ಗೋಡೆಯಲ್ಲಿ ಒಂದೇ ಒಂದು ಗುಂಡಿಗೆ. ಅದು ನಾಲ್ಕು ತೂತಿನ ಕಡುನೀಲಿ ಗುಂಡಿ, ಲೈಬ್ರರಿಯಮ್ಮನವರದ್ದು.

ಲೈಬ್ರರಿಯಮ್ಮ ಎಂದರೆ ಬೀದಿಯ ತುದಿಯ ಗ್ರಂಥಾಲಯದಲ್ಲಿ ಕೌಂಟರಿನ ಹಿಂದೆ ನಿಂತಿರುವವರು. ಇಪ್ಪತ್ತು ವರ್ಷದ ಹಿಂದೆ ನೀವು ವಾಪಸ್ ಕೊಡದ ಪುಸ್ತಕದ ಹೆಸರನ್ನು, ನೀವು ಒಳಗೆ ಕಾಲಿಟ್ಟ ಕೂಡಲೇ ಹೇಳಿಬಿಡುವ ಪೈಕಿ. ನಾಲಿಗೆ ಚುರುಕು, ಕಾಲರ್ ಯಾವಾಗಲೂ ಗರಿಗರಿ. ಏಳು ವರ್ಷದ ಹಿಂದೆ ಎರಡು ತಿಂಗಳು ರಜೆ ಹಾಕಿದ್ದರು. ರಜೆ ಮುಗಿಯುವ ಮುನ್ನಾದಿನ ಗುಂಡಿಯಕ್ಕನ ಅಂಗಡಿಗೆ ಬಂದು, ಪರದೆ ಎಳೆದುಕೊಂಡು, ಎಡಗಡೆಯ ಎದೆ ಇದ್ದ ಜಾಗದಲ್ಲಿ ಈಗ ಇರುವ ಗಾಯದ ಗೆರೆಯನ್ನು ತೋರಿಸಿದ್ದರು.

"ಆಪರೇಷನ್ ಆಯ್ತು, ಗುಣ ಆಯ್ತು, ಆ ಕತೆ ಮುಗೀತು," ಎಂದಿದ್ದರು. "ನಂಗೇನೂ ನಾಚಿಕೆ ಇಲ್ಲ. ಆದ್ರೆ ಜನ ಬಂದು ಪುಸ್ತಕ ಕೇಳ್ಬೇಕು. 'ಹೇಗಿದ್ದೀರಾ' ಅಂತ ತಲೆ ಓರೆ ಮಾಡ್ಕೊಂಡು, ಅಯ್ಯೋ ಪಾಪ ಅನ್ನೋ ದನಿಯಲ್ಲಿ ಕೇಳಿದ್ರೆ ಅವರ ತಲೆ ಮೇಲೆ ಅದೇ ಪುಸ್ತಕ ಕುಕ್ಕಿಬಿಡ್ತೀನಿ."

ಗುಂಡಿಯಕ್ಕ ಅಂಗಿಯ ಎಡಗಡೆಗೆ ಒಳಗಿನಿಂದ ಒಂದು ಜೇಬು ಹೊಲಿದು, ಅದರಲ್ಲಿ ಹತ್ತಿಯ ಮೆತ್ತೆ ಕೂರುವಂತೆ ಮಾಡಿದಳು. ಗಾಯದ ಗೆರೆಯ ಮೇಲೆ ಹೊಲಿಗೆ ತಾಗದಂತೆ, ಕೈ ಎತ್ತಿ ಮೇಲಿನ ಕಪಾಟಿನಿಂದ ಪುಸ್ತಕ ತೆಗೆದರೂ ಮೆತ್ತೆ ಜರುಗದಂತೆ. ಅದು ಕೂರುವುದಕ್ಕೆ ನಾಲ್ಕು ಸಲ ಬಿಚ್ಚಿ ಹೊಲಿಯಬೇಕಾಯಿತು. ಅಂದಿನಿಂದ ಇಂದಿನವರೆಗೆ ಬೀದಿಯಲ್ಲಿ ಒಂದು ನರಪಿಳ್ಳೆಗೂ ಗೊತ್ತಾಗಿರಲಿಲ್ಲ.

ಇನ್ನು ಆ ಹುಡುಗಿ. ಅವಳು ನಿರ್ದೇಶಕಿ. ಟಿ.ವಿ.ಯಲ್ಲಿ ಬರುವ ಸಾಕ್ಷ್ಯಚಿತ್ರಗಳ ಒಂದು ಸರಣಿಗೆ, ಕಸುಬಿನವರು ತಾವು ತಾವಾಗಿಯೇ ಕಾಣಿಸಿಕೊಳ್ಳುವ ಕಂತುಗಳನ್ನು ಮಾಡುತ್ತಿದ್ದಳು. ಮೊದಲ ಸಲ ಅಂಗಡಿಗೆ ಬಂದದ್ದು ಕೋಟಿನ ಒಳಪದರ ಹರಿದಿದೆ ಎಂದು. ಹೊಲಿದು ಕೊಡುವವರೆಗೆ ಗೋಡೆಯ ಗುಂಡಿಗಳನ್ನು ಬಿಟ್ಟ ಕಣ್ಣು ಬಿಟ್ಟಂತೆ ನೋಡುತ್ತ ಕೂತಳು. ಮರುದಿನವೂ ಬಂದಳು, ಅದರ ಮರುದಿನವೂ. ಮೂಗು ತೂರಿಸದೆ, ಸುಮ್ಮನೆ ನೋಡುತ್ತಿದ್ದಳು. ಅದು ಗುಂಡಿಯಕ್ಕನಿಗೆ ಹಿಡಿಸಿತು.

"ಬಾ, ತೆಗಿ. ಆದ್ರೆ ಒಂದು ಮಾತು. ಈ ಅಂಗಡಿಯಿಂದ ಯಾರ ಅಳತೆಯೂ ಆಚೆ ಹೋಗಬಾರದು," ಎಂದಳು.

"ಪ್ರಾಮಿಸ್ ಅಕ್ಕಾ," ಎಂದಳು ನಿರ್ದೇಶಕಿ. ಅದನ್ನು ಮನಸಾರೆಯೇ ಹೇಳಿದಳು, ಅದರಲ್ಲಿ ಸಂಶಯವಿಲ್ಲ. ಆಮೇಲೆ ನಾಲ್ಕು ಪುಟದ ಒಪ್ಪಿಗೆ ಪತ್ರ ಬಂತು. ನಾಲ್ಕು ಪುಟದ ಪತ್ರವನ್ನು ನಾವೆಲ್ಲ ಹೇಗೆ ಓದುತ್ತೇವೋ ಹಾಗೆಯೇ ಗುಂಡಿಯಕ್ಕನೂ ಓದಿದಳು. ಅಂದರೆ, ಸಹಿ ಎಲ್ಲಿ ಹಾಕಬೇಕು ಎಂದು ಕೇಳಿ ಹಾಕಿದಳು.

ಚಿತ್ರೀಕರಣದ ಮೂರನೆಯ ದಿನ ಲೈಬ್ರರಿಯಮ್ಮ ಬಂದರು. ಗಿರಾಕಿಯಾಗಿ ಕಾಣಿಸಿಕೊಳ್ಳಲು ಒಪ್ಪಿದ್ದರು, ಷರತ್ತಿನ ಮೇಲೆ. "ಕುತ್ತಿಗೆವರೆಗೆ ನಾನು ಕಲಾವಿದೆ. ಅದರ ಕೆಳಗೆ ಬರೀ ಗಿರಾಕಿ," ಎಂದು ಎಲ್ಲರನ್ನೂ ನಗಿಸಿದರು. ಕ್ಯಾಮೆರಾದ ಮುಂದೆ ಕಾಲರಿನ ಅಳತೆ ಕೊಟ್ಟು, ಹೊಸ ಅಂಗಿಯ ನೀಲಿ ಬಟ್ಟೆಯನ್ನು ಮೇಜಿನ ಮೇಲಿಟ್ಟು, ಕೌಂಟರ್ ತೆರೆಯುವ ಹೊತ್ತಾಯಿತೆಂದು ಹೊರಟರು.

ಅವಘಡ ಆದದ್ದು ಆಮೇಲೆ. ಹಿಂದಿನ ದಿನ ಎಲ್ಲರೂ ಚಹಾ ಕುಡಿಯುತ್ತಿದ್ದಾಗ ದೀಪದವರು ಗೋಡೆಯ ಕಟ್ಟುಗಳನ್ನೆಲ್ಲ ತೆಗೆದು, ಗುಂಡಿಯ ಬಣ್ಣದ ಪ್ರಕಾರ ಸಾಲಾಗಿ ತೂಗುಹಾಕಿದ್ದರು. ಬಿಳಿಯಿಂದ ಶುರುವಾಗಿ ಕಪ್ಪಿನವರೆಗೆ. ನೋಡುವುದಕ್ಕೆ ಚೆಂದವೋ ಚೆಂದ. ಆದರೆ ಇಪ್ಪತ್ತಾರು ವರ್ಷ ಕಣ್ಣುಮುಚ್ಚಿ ಕೈ ಚಾಚಿದ ಮೊಳೆಯಲ್ಲಿ ಈಗ ಯಾರದೋ ಕಟ್ಟು. ಗುಂಡಿಯಕ್ಕ ನೀಲಿ ಗುಂಡಿಗಳ ಸಾಲನ್ನು ಹುಡುಕಿದಳು. ಇಪ್ಪತ್ತು ನೀಲಿಗಳು. ದಾರಗಳನ್ನೆಲ್ಲ ಅಂದಕ್ಕೆಂದು ಹಿಂದಕ್ಕೆ ಸಿಕ್ಕಿಸಿದ್ದರು. ಹುಡುಕಿ ತೆಗೆದ ಕಟ್ಟನ್ನು ಬಟ್ಟೆಯ ಮೇಲಿಟ್ಟಳು, ಆದರೆ ಅದರ ಬಿಳಿ ದಾರ ನಾದಿನಿಗೆ ಕಾಣುವಂತಿರಲಿಲ್ಲ. ಕ್ಯಾಮೆರಾ ಓಡುತ್ತಿತ್ತು. ನಿಲ್ಲಿಸಬೇಡಿ, ನಿಲ್ಲಿಸಬೇಡಿ ಎಂದು ನಿರ್ದೇಶಕಿ ಕೈಸನ್ನೆ ಮಾಡುತ್ತಿದ್ದಳು. ಅಂಥದೇ ನೀಲಿಯ ಇನ್ನೂ ಎರಡು ಅಂಗಿಬಟ್ಟೆಗಳು ನಾದಿನಿಯ ಮುಂದೆ ಇದ್ದವು. ಯಾವುದು ಯಾರದ್ದು ಎಂದು ತಿಳಿಯದೆ ನಾದಿನಿ ಕತ್ತರಿ ಹಿಡಿದು ಅತ್ತಿಗೆಯ ಮುಖ ನೋಡಿದಳು.

ಗುಂಡಿಯಕ್ಕ ಬಗ್ಗಿ, ಕ್ಯಾಮೆರಾದವನಿಗೂ ಕೇಳದಷ್ಟು ಮೆಲ್ಲಗೆ, ನಾದಿನಿಯ ಕಿವಿಯಲ್ಲಿ ಉಸುರಿದಳು: "ಇದು ಲೈಬ್ರರಿಯಮ್ಮಂದು. ಎಡಗಡೆ ಮೆತ್ತೆ ಜೇಬು ಮರೀಬೇಡ. ಎದೆ ತೆಗೆದ ಗಾಯದ ಮೇಲೆ ಹೊಲಿಗೆ ಬರಬಾರದು, ನೋಡ್ಕೋ."

ಸಂಜೆ ಗಂಟುಮೂಟೆ ಕಟ್ಟುವಾಗ ಸೌಂಡಿನವನು ಅವಳ ಕಾಲರಿನ ಒಳಗಿಂದ ಹೆಸರುಕಾಳಿನಷ್ಟು ಪುಟ್ಟ ಮೈಕನ್ನು ಬಿಡಿಸಿಕೊಂಡ. ಬೆಳಿಗ್ಗೆ ಅವನೇ ಸಿಕ್ಕಿಸಿದ್ದ. ಒಂದು ಗಂಟೆ ಕಳೆಯುವುದರೊಳಗೆ ಅದು ಅಲ್ಲಿದೆ ಎಂಬುದನ್ನೇ ಅವಳು ಮರೆತಿದ್ದಳು. "ಏನು ಮೈಕ್ ಅಕ್ಕಾ ಇದು! ನೀವು ಪಿಸುಗುಟ್ಟಿದ್ದೂ ಗಂಟೆ ಹೊಡೆದ ಹಾಗೆ ಬಂದಿದೆ," ಎಂದು ಖುಷಿಯಿಂದ ಹೇಳಿದ.

ಗುಂಡಿಯಕ್ಕ ಅವನ ಕೈ ಹಿಡಿದು ನಿಲ್ಲಿಸಿದಳು. "ಕೇಳಿಸು," ಎಂದಳು. ಅವನು ಹೆಡ್‌ಫೋನನ್ನು ಅವಳ ಕಿವಿಗೆ ಇಟ್ಟ. ಅವಳದೇ ದನಿ, ಅವಳದೇ ಉಸಿರು, ಒಂದೊಂದು ಅಕ್ಷರವೂ ಸ್ಪಷ್ಟ. ಇಪ್ಪತ್ತಾರು ವರ್ಷ ಬಾಯಿಗೆ ಬೀಗ ಹಾಕಿಕೊಂಡಿದ್ದವಳು, ಬಾಯಿ ಬಿಟ್ಟ ಒಂದೇ ಸಲ, ಊರಿಗೇ ಕೇಳುವ ಹಾಗೆ ಬಿಟ್ಟಿದ್ದಳು.

"ಅಳಿಸಿಬಿಡಪ್ಪಾ."

"ಅಯ್ಯೋ, ಆ ಅಧಿಕಾರ ನಂಗಿಲ್ಲ ಅಕ್ಕಾ. ಮೇಡಂನ ಕೇಳಿ."

ಮೇಡಂ ಆಗಲೇ ಕೇಳಿಸಿಕೊಂಡಿದ್ದಳು. ಕೇಳಿ ಅತ್ತೂ ಇದ್ದಳು. ಅದೇ ತೊಂದರೆಯಾದದ್ದು. "ಅಕ್ಕಾ, ನನ್ನ ಇಡೀ ಚಿತ್ರದ ಜೀವ ಇರೋದೇ ಆ ಹತ್ತು ಸೆಕೆಂಡಿನಲ್ಲಿ," ಎಂದು ಗುಂಡಿಯಕ್ಕನ ಎರಡೂ ಕೈ ಹಿಡಿದುಕೊಂಡಳು. "ಗುಂಡಿಗಳ ಹಿಂದೆ ಏನಿದೆ ಅಂತ ಜನಕ್ಕೆ ಗೊತ್ತಾಗೋದೇ ಅಲ್ಲಿ. ಲೈಬ್ರರಿ ಅನ್ನೋ ಪದ ತೆಗೀತೀನಿ. ಅವರ ಮುಖಾನೂ ತೋರ್ಸಲ್ಲ."

"ಮುಖ ತೋರ್ಸದಿದ್ರೆ ಏನಾಯ್ತು? ಆ ನೀಲಿ ಬಟ್ಟೆ ನಾಳೆ ಯಾರ ಮೈಮೇಲಿರುತ್ತೆ ಅಂತ ಬೀದಿಗೇ ಗೊತ್ತಾಗಲ್ವಾ?"

"ಹಾಗಾದ್ರೆ ನಾನೇ ಹೋಗಿ ಅವರ ಅನುಮತಿ ಕೇಳ್ತೀನಿ."

"ನೀನು ಕೇಳೋದಕ್ಕೆ ಹೋದ್ರೆ ನಿಂಗೆ ಗೊತ್ತಿದೆ ಅಂತಾಯ್ತು. ನಿಂಗೆ ಗೊತ್ತಿರಲೇಬಾರದಾಗಿತ್ತು ಕಣಮ್ಮಾ."

ನಿರ್ದೇಶಕಿ ಮುಖ ಸಣ್ಣದು ಮಾಡಿಕೊಂಡು ಒಪ್ಪಿಗೆ ಪತ್ರದ ಮೂರನೆಯ ಪುಟ ತೆಗೆದಳು. ಚಿತ್ರೀಕರಿಸಿದ ದೃಶ್ಯ, ಧ್ವನಿ ಎಲ್ಲವೂ ಚಾನೆಲ್ಲಿಗೆ ಸೇರಿದ್ದು. ಹದಿನೈದು ದಿನ ಸಂಕಲನ. ಅದಾದ ಮೇಲೆ ಮೊದಲು ಬೀದಿಯ ಜನಕ್ಕೆಂದೇ ಗ್ರಂಥಾಲಯದ ಸಭಾಂಗಣದಲ್ಲಿ ಒಂದು ಪ್ರದರ್ಶನ, ಅದರ ಮಾರನೆಯ ವಾರ ಟಿ.ವಿ.ಯಲ್ಲಿ. ಅಂದರೆ ಲೈಬ್ರರಿಯಮ್ಮನೇ ಕುರ್ಚಿ ಹಾಕಿಸಿ, ದೀಪ ಆರಿಸಿ, ಬೀದಿಗೆ ಬೀದಿಯನ್ನೇ ಕೂರಿಸಿಕೊಂಡು ತಮ್ಮ ಗುಟ್ಟನ್ನು ಕೇಳಬೇಕು.

ಮಾರನೆಯ ದಿನ ಗುಂಡಿಯಕ್ಕ ಗ್ರಂಥಾಲಯಕ್ಕೆ ಹೋದಳು. ನಾದಿನಿ ಬೇಡವೆಂದು ಗೋಗರೆದಿದ್ದಳು. "ಅಳಿಸಿ ಆದ್ಮೇಲೆ ಹೇಳಿದ್ರೆ ಆಗಲ್ವಾ ಅತ್ತಿಗೆ? ಅಳಿಸಿಬಿಟ್ರೆ ಹೇಳೋದೇ ಬೇಡ." ಗುಂಡಿಯಕ್ಕ ಅದನ್ನು ಕಿವಿಯ ಮೇಲೆ ಹಾಕಿಕೊಳ್ಳಲಿಲ್ಲ. ಮಾತು ಅವರದ್ದು, ಅದು ತಪ್ಪಿಸಿಕೊಂಡಿದೆ ಎಂಬುದು ಅವರಿಗೆ ಮೊದಲು ತಿಳಿಯಬೇಕು, ಅಷ್ಟೇ.

ಕೌಂಟರಿನಲ್ಲಿ ಯಾರೂ ಇಲ್ಲದ ಹೊತ್ತು ನೋಡಿ, ಸುತ್ತು ಬಳಸದೆ ಎಲ್ಲವನ್ನೂ ಹೇಳಿದಳು. ಮೊಳೆ ಅದಲುಬದಲಾದದ್ದು ಹೇಳಿದಳು, ಆದರೆ ಅದನ್ನು ನೆಪವಾಗಿ ಹೇಳಲಿಲ್ಲ. "ತಪ್ಪು ನಂದು. ಬಟ್ಟೆ ಮಡಿಸಿಟ್ಟು, ಇವತ್ತು ಆಗಲ್ಲ ಅನ್ನಬಹುದಿತ್ತು. ಅನ್ನಲಿಲ್ಲ. ಕ್ಯಾಮೆರಾ ಓಡ್ತಾ ಇತ್ತು ಅಂತ ನಾನೂ ಓಡಿಬಿಟ್ಟೆ."

ಲೈಬ್ರರಿಯಮ್ಮ ಒಂದು ಪುಸ್ತಕಕ್ಕೆ ಮುದ್ರೆ ಒತ್ತಿದರು. ಇನ್ನೊಂದಕ್ಕೆ ಒತ್ತಿದರು. ಮೂರನೆಯದಕ್ಕೆ ಒತ್ತಿದ ಮುದ್ರೆ ಮಸಿಯಿಲ್ಲದೆ ಮೂಡಲಿಲ್ಲ.

"ಏಳು ವರ್ಷ," ಎಂದರು. "ನನ್ನ ಸ್ವಂತ ತಂಗಿ ಬಾಯಿ ಬಿಡ್ತಾಳೆ ಅಂತ ಹೆದರಿದ್ದೆ. ನಿಮ್ಮ ಬಗ್ಗೆ ಒಂದು ದಿನವೂ ಹೆದರಿರಲಿಲ್ಲ."

"ಅದನ್ನ ತೆಗೆಸದೆ ಬಿಡಲ್ಲ."

"ತೆಗೆಸ್ತೀರೋ ಬಿಡ್ತೀರೋ, ನನ್ನ ಗುಂಡಿ ಕೊಟ್ಟುಬಿಡಿ. ಕಾಗದಾನೂ."

ಅಂಗಡಿ ಶುರುವಾದಂದಿನಿಂದ ಗುಂಡಿ ವಾಪಸ್ ಕೇಳಿದ ಮೊದಲ ಗಿರಾಕಿ ಅವರು. ಗುಂಡಿಯಕ್ಕ ಅಂಗಡಿಗೆ ಬಂದು, ಗೋಡೆಯ ಕಟ್ಟುಗಳನ್ನೆಲ್ಲ ಇಳಿಸಿ, ಮೊದಲಿದ್ದಂತೆ ಒಂದೊಂದನ್ನೂ ಅದರದರ ಮೊಳೆಗೆ ಹಾಕಿದಳು. ಆ ಕೆಲಸಕ್ಕೆ ಮಧ್ಯಾಹ್ನ ಪೂರ್ತಿ ಬೇಕಾಯಿತು. ಕೊನೆಗೆ ಬಿಳಿ ದಾರದ ಗುಂಡಿಯನ್ನೂ ಕಾಗದವನ್ನೂ ಲಕೋಟೆಗೆ ಹಾಕಿ ತಾನೇ ಒಯ್ದು ಕೊಟ್ಟಳು. ಒಂದು ಮೊಳೆ ಖಾಲಿ ಉಳಿಯಿತು. ಅಂದು ಅವಳಿಗೆ ಅಳು ಬಂತು, ಅತ್ತಳು, ಮುಖ ತೊಳೆದುಕೊಂಡಳು. ಮರುದಿನದಿಂದ ಅಳುವುದಕ್ಕೆ ಪುರುಸೊತ್ತಿರಲಿಲ್ಲ.

ದಿನಾ ಬೆಳಿಗ್ಗೆ ಹತ್ತಕ್ಕೆ ಅಂಗಡಿಯನ್ನು ನಾದಿನಿಗೆ ಒಪ್ಪಿಸಿ ಬಸ್ಸು ಹತ್ತುತ್ತಿದ್ದಳು. ಸಂಕಲನದ ಕಚೇರಿ ನಾಲ್ಕನೆಯ ಮಹಡಿ. ಉದ್ದನೆಯ ಓಣಿ, ಗಾಜಿನ ಬಾಗಿಲುಗಳು, ಗೋಡೆಗೆ ಅಂಟಿದ ಮೂರು ಪ್ಲಾಸ್ಟಿಕ್ ಕುರ್ಚಿ. ಅದರಲ್ಲಿ ಕೊನೆಯ ಕುರ್ಚಿ ಅವಳದ್ದಾಯಿತು. ಸುಮ್ಮನೆ ಕೂತವಳಲ್ಲ. ಚೀಲದ ತುಂಬ ಅಂಗಿ ತಂದಿರುತ್ತಿದ್ದಳು, ಕೂತು ಕಾಜಾ ಹಾಕುತ್ತಿದ್ದಳು. ಗುಂಡಿ ತೂರುವ ಸೀಳಿಗೆ ಸುತ್ತ ದಾರದ ಅಂಚು ಕಟ್ಟುವ ಕೆಲಸ ಅದು, ಮಷಿನು ಮುಟ್ಟದ ಕೈಕೆಲಸ. ಮೊದಲ ದಿನ ಚಾನೆಲ್ಲಿನ ದೊಡ್ಡವರು ಹಾದುಹೋಗುವಾಗ "ನೋಡೋಣ ನೋಡೋಣ" ಎಂದರು. ಎರಡನೆಯ ದಿನ "ಪತ್ರಕ್ಕೆ ಸಹಿ ಹಾಕಿದ್ದೀರಲ್ಲಮ್ಮಾ" ಎಂದರು. ಮೂರನೆಯ ದಿನ ಅವಳನ್ನು ಕಂಡು ಮೆಟ್ಟಿಲಿನ ದಾರಿ ಹಿಡಿದರು. ಬಾಗಿಲು ಕಾಯುವವನು ಮಾತ್ರ ತನ್ನ ಅಂಗಿಯ ಎರಡು ಕಾಜಾ ಸರಿಮಾಡಿಸಿಕೊಂಡು, ಅವಳಿಗೆ ಫ್ಯಾನಿನ ಕೆಳಗಿನ ಕುರ್ಚಿ ಕೊಡಿಸಿದ.

ಆರನೆಯ ದಿನ ನಿರ್ದೇಶಕಿಯೇ ಹೊರಗೆ ಬಂದಳು. ಕಣ್ಣ ಕೆಳಗೆ ಕಪ್ಪು. "ಒಳಗೆ ಬನ್ನಿ ಅಕ್ಕಾ. ಒಮ್ಮೆ ಪೂರ್ತಿ ನೋಡಿ. ಆಮೇಲೂ ಬೇಡ ಅನ್ಸಿದ್ರೆ ಹೇಳಿ."

ಕತ್ತಲೆ ಕೋಣೆಯಲ್ಲಿ ದೊಡ್ಡ ಪರದೆ. ಸಂಕಲನಕಾರ ಒಂದು ಬಟನ್ ಒತ್ತಿದ. ಗುಂಡಿಯಕ್ಕ ತನ್ನನ್ನೇ ನೋಡಿದಳು: ಮೊಣಕಾಲಿನಿಂದ ಬಾಗಿಲಿಗೆ ಒದೆಯುವವಳು, ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ ನಾದಿನಿಯನ್ನು ಬೈಯುವವಳು. ಚೆನ್ನಾಗಿತ್ತು. ಸುಳ್ಳು ಹೇಳಬಾರದು, ಬಹಳ ಚೆನ್ನಾಗಿತ್ತು. ಆಮೇಲೆ ಆ ಹತ್ತು ಸೆಕೆಂಡು ಬಂತು. ಅವಳು ಬಗ್ಗುತ್ತಾಳೆ, ಉಸುರುತ್ತಾಳೆ, ನಾದಿನಿಯ ಕಣ್ಣು ಮೃದುವಾಗುತ್ತದೆ, ಕತ್ತರಿ ಮೆಲ್ಲಗೆ ಬಟ್ಟೆಯೊಳಗೆ ಸಾಗುತ್ತದೆ. ಪರದೆಯ ಕೆಳಗೆ ಅವಳ ದನಿ ಒತ್ತೊತ್ತಾದ ಹೊಲಿಗೆಯಂತೆ ಗೆರೆಗೆರೆಯಾಗಿ ಓಡುತ್ತಿತ್ತು.

"ಈಗ ಹೇಳಿ," ಎಂದಳು ನಿರ್ದೇಶಕಿ. "ಇದರಲ್ಲಿ ಯಾರಿಗಾದ್ರೂ ಅವಮಾನ ಇದೆಯಾ? ಪ್ರೀತಿ ಬಿಟ್ಟು ಬೇರೇನಾದ್ರೂ ಇದೆಯಾ?"

"ಇಲ್ಲ. ಪ್ರೀತೀನೇ ಇದೆ. ಆದ್ರೆ ಅದು ನಿಂಗೆ ಕೊಟ್ಟಿದ್ದಲ್ಲ." ಗುಂಡಿಯಕ್ಕ ಸೂಜಿಯನ್ನು ಅಂಗಿಗೆ ಚುಚ್ಚಿ ಮಡಿಲಲ್ಲಿಟ್ಟಳು. "ನೋಡು, ಮೊದಲನೇ ದಿನ ನೀನು ಕೋಟು ತಂದೆಯಲ್ಲ. ಒಳಪದರ ಬಿಚ್ಚಿದಾಗ ಅದರೊಳಗೆ ಏನಿತ್ತು ಅಂತ ನಂಗೆ ಗೊತ್ತು."

ನಿರ್ದೇಶಕಿಯ ಕೈ ತಾನಾಗಿ ಕೋಟಿನ ಎಡಗಡೆಗೆ ಹೋಯಿತು. ಸಂಕಲನಕಾರ ಕುರ್ಚಿ ತಿರುಗಿಸಿದ.

"ಹೆದರಬೇಡ," ಎಂದಳು ಗುಂಡಿಯಕ್ಕ. "ಎಲ್ಲಿತ್ತೋ ಅಲ್ಲೇ ಇಟ್ಟು ಹೊಲಿದೆ. ನನ್ನ ನಾದಿನಿ ಪಕ್ಕದಲ್ಲೇ ಕೂತಿದ್ಲು, ಅವಳಿಗೂ ಹೇಳಿಲ್ಲ. ನೀನು ಆ ಹತ್ತು ಸೆಕೆಂಡು ತೆಗೆದ್ರೂ ನಾನು ಹೇಳಲ್ಲ. ತೆಗೀದೇ ಇದ್ರೂ ಹೇಳಲ್ಲ. ಸಾಯೋವರೆಗೂ ಹೇಳಲ್ಲ. ಯಾಕಂದ್ರೆ ಅದು ನಂಗೆ ಕೆಲಸದಿಂದ ಸಿಕ್ಕಿದ್ದು. ಕೆಲಸದಿಂದ ಸಿಕ್ಕಿದ್ದು ನಮ್ಮದಾಗಲ್ಲ ಕಣಮ್ಮಾ, ಎಷ್ಟೇ ಚೆನ್ನಾಗಿದ್ರೂ. ನೀನು ಮೂರು ದಿನ ಸುಮ್ನೆ ಕೂತು ನನ್ನ ಅಂಗಡೀಲಿ ಏನು ನೋಡಿದೆಯೋ ಅದು ಇಷ್ಟೇ."

ಕೋಟಿನಲ್ಲಿ ಏನಿತ್ತು ಎಂದು ನಿಮಗೂ ಕುತೂಹಲ ಇರಬಹುದು. ಸಂಕಲನಕಾರನಿಗೂ ಇತ್ತು. ಗುಂಡಿಯಕ್ಕ ಹೇಳಲಿಲ್ಲ, ಅವನು ಕೇಳಿದಾಗ ಹೊಸ ಅಂಗಿಗೆ ಎಂಥ ಕಾಲರ್ ಬೇಕು ಎಂದು ಮಾತು ಬದಲಿಸಿದಳು.

ನಿರ್ದೇಶಕಿ ಆ ದೃಶ್ಯವನ್ನು ಪರದೆಯ ಮೇಲೆ ಹಿಂದಕ್ಕೂ ಮುಂದಕ್ಕೂ ಓಡಿಸಿ ನೋಡಿದಳು. ಕೊನೆಗೆ, "ಆ ದೃಶ್ಯ ಪೂರ್ತಿ ಕಿತ್ತರೆ ಮುಂದಿಂದಕ್ಕೂ ಹಿಂದಿಂದಕ್ಕೂ ಕೂಡಲ್ಲ ಅಕ್ಕಾ," ಎಂದಳು. ದನಿಯಲ್ಲಿ ಜಗಳ ಉಳಿದಿರಲಿಲ್ಲ.

"ಬಟ್ಟೆ ಯಾಕೆ ಕೀಳ್ತೀಯಾ? ಹೊಲಿಗೆ ಬಿಚ್ಚು. ಚಿತ್ರ ಇರಲಿ, ದನಿ ತೆಗಿ."

"ಹಾಗೆ ಮಾಡಿದ್ರೆ ಹತ್ತು ಸೆಕೆಂಡು ಏನೂ ಕೇಳಿಸಲ್ಲ. ತಪ್ಪಾಗಿದೆ ಅಂದ್ಕೋತಾರೆ ಜನ."

"ತಪ್ಪಾಗಿದೆಯಲ್ಲಮ್ಮಾ. ನನ್ನ ತಪ್ಪು. ಕಾಣಲಿ ಬಿಡು."

ಚಾನೆಲ್ಲಿನ ದೊಡ್ಡವರ ಕೋಣೆಯಿಂದ ಅಂದು ಮಧ್ಯಾಹ್ನ ನಿರ್ದೇಶಕಿಯ ಏರುದನಿ ಓಣಿಗೆಲ್ಲ ಕೇಳಿಸಿತಂತೆ. ಆ ಹತ್ತು ಸೆಕೆಂಡು ಇದ್ದರೆ ತನ್ನ ಹೆಸರು ಚಿತ್ರದಿಂದ ತೆಗೆಯಿರಿ ಎಂದಳಂತೆ. ಸಂಜೆ ಸೌಂಡಿನವನು ಗುಂಡಿಯಕ್ಕನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಮೂಲ ಧ್ವನಿಯನ್ನೂ ಅದರ ಪ್ರತಿಯನ್ನೂ ಅವಳ ಕಣ್ಣೆದುರೇ ಅಳಿಸಿದ. ಇನ್ನೆಲ್ಲೂ ಇಲ್ಲವೇ ಎಂದು ಅವಳು ಮೂರು ಸಲ ಕೇಳಿದಳು. ಇಲ್ಲ ಎಂದು ಅವನು ಮೂರು ಸಲವೂ ಬೇಸರಿಸದೆ ಹೇಳಿದ.

ಭಾನುವಾರ ಮಧ್ಯಾಹ್ನ ಗ್ರಂಥಾಲಯದ ಸಭಾಂಗಣ ಕಿಕ್ಕಿರಿದಿತ್ತು. ಔಷಧದಂಗಡಿಯವರು, ಸೈಕಲ್ ರಿಪೇರಿಯವನು, ಅವರ ಮನೆಮಂದಿ, ಎಲ್ಲರೂ ಗುಂಡಿಯಕ್ಕನ ಕೈಯಲ್ಲೇ ಹೊಲಿಸಿದ ಬಟ್ಟೆ ತೊಟ್ಟು ಬಂದಿದ್ದರು. ಲೈಬ್ರರಿಯಮ್ಮ ಹಿಂದೆ, ದೀಪದ ಸ್ವಿಚ್ಚಿನ ಬಳಿ ನಿಂತಿದ್ದರು. ಅವರು ತೊಟ್ಟದ್ದು ಹಳೆಯ ಅಂಗಿ. ಗುಂಡಿಯಕ್ಕನ ಕಡೆ ನೋಡಲೂ ಇಲ್ಲ, ನೋಡದೆ ಇರುವ ಪ್ರಯತ್ನವನ್ನೂ ಮಾಡಲಿಲ್ಲ.

ಮೊಣಕಾಲಿನ ಏಟಿಗೆ ಸಭೆ ಹೊಟ್ಟೆ ತುಂಬ ನಕ್ಕಿತು. ನಾದಿನಿ ಪರದೆಯ ಮೇಲಿನ ತನ್ನನ್ನು ಕಂಡು "ಅಯ್ಯೋ, ನಾನು ಇಷ್ಟು ದಪ್ಪ ಇದೀನಾ" ಎಂದಳು. ಆಮೇಲೆ ಆ ಜಾಗ ಬಂತು. ಪರದೆಯ ಮೇಲಿನ ಗುಂಡಿಯಕ್ಕ ಬಗ್ಗಿದಳು, ತುಟಿ ಆಡಿತು. ಮಷಿನಿನ ಸದ್ದೂ ಇಲ್ಲ, ರಸ್ತೆಯ ಸದ್ದೂ ಇಲ್ಲ. ಪೂರ್ತಿ ನಿಶ್ಶಬ್ದ.

"ಸೌಂಡ್! ಸೌಂಡ್ ಕೊಡ್ರಪ್ಪಾ!" ಎಂದು ಯಾರೋ ಕೂಗಿದರು. ಕೆಲವರು ಹಿಂತಿರುಗಿ ಲೈಬ್ರರಿಯಮ್ಮನ ಕಡೆ ನೋಡಿದರು, ಸಭಾಂಗಣದ ಯಂತ್ರಕ್ಕೇನಾದರೂ ಆಯಿತೇ ಎಂದು. "ಯಂತ್ರ ಸರಿಯಾಗಿದೆ. ಸುಮ್ಮನೆ ನೋಡಿ," ಎಂದರು ಲೈಬ್ರರಿಯಮ್ಮ, ಗ್ರಂಥಾಲಯದಲ್ಲಿ ಗಲಾಟೆ ಮಾಡುವವರಿಗೆ ಹೇಳುವ ದನಿಯಲ್ಲೇ. ಸಭೆ ತೆಪ್ಪಗಾಯಿತು. ಆ ಹತ್ತು ಸೆಕೆಂಡು ಗುಂಡಿಯಕ್ಕ ಪರದೆ ನೋಡಲಿಲ್ಲ, ತನ್ನ ಕೈಗಳನ್ನು ನೋಡಿಕೊಂಡಳು.

ಪ್ರದರ್ಶನ ಮುಗಿದ ಮೇಲೆ ಎಲ್ಲರದೂ ಒಂದೇ ಪ್ರಶ್ನೆ. "ಅಲ್ಲೇನು ಗುಂಡಿಯಕ್ಕಾ ಹೇಳಿದ್ದು, ನಾದಿನಿ ಕಿವೀಲಿ?"

"ಅಂಗಡಿ ಮಾತು," ಎಂದಳು. ಮುಂದಿನ ವಾರ ಟಿ.ವಿ.ಯಲ್ಲಿ ಬಂದ ಮೇಲೂ ಕೇಳಿದರು. ಆಗಲೂ ಅದೇ ಉತ್ತರ. ಈಗಲೂ ಅದೇ.

ಲೈಬ್ರರಿಯಮ್ಮ ಅಂಗಡಿಗೆ ಬರಲು ಇನ್ನೂ ಎರಡು ತಿಂಗಳು ಹಿಡಿಯಿತು. ಒಂದು ಬೆಳಿಗ್ಗೆ ಬಂದು ಬಟ್ಟೆಯನ್ನು ಮೇಜಿನ ಮೇಲಿಟ್ಟು, ಲಕೋಟೆಯಿಂದ ಕಾಗದ ತೆಗೆದು, ಗುಂಡಿಯನ್ನು ಆ ಖಾಲಿ ಮೊಳೆಗೆ ತಾವೇ ತೂಗುಹಾಕಿದರು.

"ಕಾಲರಿನಲ್ಲಿ ಏನೂ ಇಲ್ಲ ತಾನೇ?"

ಗುಂಡಿಯಕ್ಕ ಕಾಲರನ್ನು ಒಳಮೈ ಹೊರಗೆ ಮಾಡಿ ಮಡಚಿ ತೋರಿಸಿದಳು. ಲೈಬ್ರರಿಯಮ್ಮ ನಗಲಿಲ್ಲ. ಪರದೆಯ ಹಿಂದೆ ಹೋಗಿ, ಎತ್ತಲು ಕಷ್ಟವಾಗುವ ಎಡಗೈಯನ್ನೇ ಮೊದಲು ಎತ್ತಿ ನಿಂತರು. ಅಳತೆ ಮುಗಿದ ಮೇಲೆ ಮೊಳೆಯಿಂದ ಗುಂಡಿಯನ್ನು ತೆಗೆದುಕೊಂಡರು. "ಬರುವಾಗ ತರ್ತೀನಿ, ಹೋಗುವಾಗ ಒಯ್ತೀನಿ. ಇನ್ನು ಹೀಗೇ," ಎಂದರು.

"ಹಾಗೇ ಆಗ್ಲಿ," ಎಂದಳು ಗುಂಡಿಯಕ್ಕ.

ಒಂದು ವರ್ಷಕ್ಕೂ ಹೆಚ್ಚು ಕಾಲ ಹಾಗೇ ನಡೆಯಿತು. ಆ ಮೊಳೆಗೆ ಗುಂಡಿಯಕ್ಕ ಬೇರೆ ಯಾರ ಕಟ್ಟನ್ನೂ ಹಾಕಲಿಲ್ಲ. ಹೊಸ ಗಿರಾಕಿಗಳು ಬಂದರೆ ಹೊಸ ಮೊಳೆ ಹೊಡೆಸಿದಳು. ಇನ್ನೊಂದು ಚಾನೆಲ್ಲಿನವರು ಬಂದು ಕೇಳಿದಾಗ ಅವರನ್ನು ಕೂರಿಸಿ, ಚಹಾ ಕೊಟ್ಟು, ಆಗುವುದಿಲ್ಲ ಎಂದು ಕಳಿಸಿದಳು.

ಮೊನ್ನೆ ಲೈಬ್ರರಿಯಮ್ಮ ಅಂಗಿ ಒಯ್ಯಲು ಬಂದರು. ಎಂದಿನಂತೆ ಗುಂಡಿಯನ್ನು ಮೊಳೆಗೆ ಹಾಕಿ, ಅಂಗಿ ತೊಟ್ಟು ನೋಡಿ, ಕಾಲರ್ ತುಸು ಬಿಗಿ ಎಂದು ಎರಡು ಮಾತು ಬೈದು, ಚೀಲ ಹೆಗಲಿಗೇರಿಸಿ ಹೊರಟರು. ಅವರು ಸೈಕಲ್ ಅಂಗಡಿ ದಾಟಿರಬಹುದು, ನಾದಿನಿ ಗೋಡೆಯ ಕಡೆ ನೋಡಿ ಗಾಬರಿಯಿಂದ ಎದ್ದಳು. ನೀಲಿ ಗುಂಡಿ ಮೊಳೆಯಲ್ಲೇ ಇತ್ತು.

"ಅತ್ತಿಗೇ, ಮರೆತು ಹೋಗಿದ್ದಾರೆ! ಓಡಿ ಕೊಟ್ಟು ಬರ್ತೀನಿ."

"ಕೂತ್ಕೋ," ಎಂದಳು ಗುಂಡಿಯಕ್ಕ. ಅವಳ ಕೈ ಮಷಿನಿನ ಚಕ್ರದ ಮೇಲೆಯೇ ಇತ್ತು. "ಇಪ್ಪತ್ತು ವರ್ಷದ ಹಿಂದೆ ವಾಪಸ್ ಬರದ ಪುಸ್ತಕ ನೆನಪಿಟ್ಟಿರೋರು ಅವರು. ಗುಂಡಿ ಮರೀತಾರಾ?"